ನೀಲಣ್ಣನ ಐದನೇ ಸೂಟು

ಮಾರ್ಚ್ ೩, ಸೋಮವಾರ

ನೀಲಣ್ಣ ಬೆಳೆದಿದ್ದಾನಂತೆ. ಡೈರೆಕ್ಟರಮ್ಮ ಇವತ್ತು ನಮ್ಮ ಹೊಲಿಗೆ ಕೋಣೆಗೆ ಬಂದು, ನಾನು ಬಟ್ಟೆ ಕತ್ತರಿಸುವ ಟೇಬಲ್ ಮೇಲೇ ಹತ್ತಿ ಕೂತು, ಅರ್ಧ ಗಂಟೆ ಅದನ್ನೇ ಹೇಳಿದಳು. ಐದು ಸಿನಿಮಾ ಕಳೆಯುವಷ್ಟರಲ್ಲಿ ಅವನ ಮನಸ್ಸು ಎಷ್ಟು ಮಾಗಿದೆ, ಎಷ್ಟು ಆಳವಾಗಿದೆ ಅಂತ. ನಾನು ಸುಮ್ಮನೆ ಟೇಪು ತೆಗೆದು ಅಳತೆಗೆ ಬಂದು ನಿಂತಿದ್ದ ನಟನ ಸೊಂಟ ಅಳೆದೆ. ಮೊದಲ ಸಿನಿಮಾದಲ್ಲಿ ಮೂವತ್ತೊಂದು ಇಂಚು, ಈಗ ಮೂವತ್ತೇಳು. ಬೆಳೆದಿರುವುದಂತೂ ಸುಳ್ಳಲ್ಲ.

ನೀಲಣ್ಣ ಅನ್ನುವುದು ನಾವು ಇಟ್ಟ ಹೆಸರು. ಪೋಸ್ಟರಿನಲ್ಲಿ ಅವನಿಗೆ ಬೇರೆ ದೊಡ್ಡ ಹೆಸರಿದೆ. ಹಾರುತ್ತಾನೆ, ಗೋಡೆ ಒಡೆಯುತ್ತಾನೆ, ಲೋಕ ಉಳಿಸುತ್ತಾನೆ. ಅವನ ಸೂಟು ಮಾತ್ರ ಹದಿನಾಲ್ಕು ವರ್ಷದಿಂದ ನನ್ನ ಕೈಯಲ್ಲೇ ಆಗಬೇಕು. ಲೋಕ ಉಳಿಸುವವನ ಪ್ಯಾಂಟು ಹರಿಯದಂತೆ ಉಳಿಸಿರುವವಳು ನಾನು. ಅದನ್ನು ಯಾವ ಪೋಸ್ಟರಿನಲ್ಲೂ ಹಾಕಿಲ್ಲ, ಹೋಗಲಿ.

ಈ ಬರವಣಿಗೆ ಶುರುವಾಗಿದ್ದು ಫಿಸಿಯೋ ಹುಡುಗಿಯಿಂದ. ಇವರ ವ್ಯಾಯಾಮ ದಿನಾ ಬರೆದಿಡಿ ಅಂತ ಒಂದು ನೋಟ್‌ಬುಕ್ ಕೊಟ್ಟಿದ್ದಾಳೆ. ಮುಷ್ಟಿ ಹತ್ತು ಸಲ, ಚೆಂಡು ಹಿಸುಕಿದ್ದು ಹತ್ತು ಸಲ. ಅಷ್ಟು ಬರೆದ ಮೇಲೂ ನನ್ನ ಹೊಟ್ಟೆಯಲ್ಲಿ ಮಾತು ಉಳಿದಿರುತ್ತೆ. ಅದಕ್ಕೇ ನನ್ನ ಅಳತೆ ಪುಸ್ತಕವನ್ನು ತಿರುಗಿಸಿ ಹಿಂದಿನ ಹಾಳೆಯಿಂದ ಶುರು ಮಾಡಿದ್ದೇನೆ. ಇದನ್ನು ಮುಟ್ಟುವ ಧೈರ್ಯ ಮನೆಯಲ್ಲೂ ಇಲ್ಲ, ಕೆಲಸದ ಕಡೆಯೂ ಇಲ್ಲ.

ಇವರು ಅಂದರೆ ಯಜಮಾನರು. ಬೀಗ ರಿಪೇರಿ ಮಾಡುತ್ತಾರೆ. ಮಾಡುತ್ತಿದ್ದರು ಅಂತ ಬರೆಯಬೇಕೋ ಏನೋ, ನನಗೆ ಕೈ ಬರಲ್ಲ. ಜನವರಿಯಲ್ಲಿ ಒಂದು ಬೆಳಿಗ್ಗೆ ಅಂಗಡಿಯ ಶಟರ್ ಎತ್ತಲು ಬಗ್ಗಿದವರು ಲಕ್ವ ಹೊಡೆದು ಹಾಗೇ ಕುಸಿದರು. ಕಾಲು ಸರಿಹೋಯಿತು, ಮಾತು ಸರಿಹೋಯಿತು. ಮಾತು ಸ್ವಲ್ಪ ಹೆಚ್ಚೇ ಸರಿಹೋಗಿದೆ. ಬಲಗೈ ಮಾತ್ರ ಹೇಳಿದ ಮಾತು ಕೇಳುತ್ತಿಲ್ಲ. ಮೊದಲ ಆರು ತಿಂಗಳಲ್ಲಿ ಕಲಿತರೆ ಕಲಿಯಿತು, ಆಮೇಲೆ ಕಷ್ಟ ಅಂತಾಳೆ ಫಿಸಿಯೋ. ಬೆರಳು ಬಂದರೆ ಅಂಗಡಿ ಉಂಟು, ಇಲ್ಲದಿದ್ದರೆ ಇಲ್ಲ. ಅಂಗಡಿ ಇಲ್ಲದ ಇವರನ್ನು ನಾನು ನೋಡಿಲ್ಲ, ನೋಡಲು ನನಗೆ ಇಷ್ಟವೂ ಇಲ್ಲ.

ಮಾರ್ಚ್ ೭, ಶುಕ್ರವಾರ

ಡೈರೆಕ್ಟರಮ್ಮನ ಜೊತೆ ಜಗಳ. ಈ ಸೂಟಿಗೆ ಭುಜದ ಫೋಮ್ ಬೇಡವಂತೆ.

"ಫೋಮ್ ಇಲ್ಲದಿದ್ದರೆ ಅವನ ಭುಜ ಬ್ಯಾಂಕ್ ಗುಮಾಸ್ತನ ಭುಜ ಕಣಮ್ಮ" ಅಂದೆ.

"ಅದೇ ಬೇಕು ಅಕ್ಕ. ಅವನದೇ ಭುಜ ಕಾಣಲಿ."

ನನಗೇ ಪಾಠ ಹೇಳಲು ಬರುತ್ತಾಳೆ! ಇವಳು ಮೊದಲ ಸಿನಿಮಾದಲ್ಲಿ ಎಲ್ಲರಿಗೂ ಊಟದ ಪೊಟ್ಟಣ ಹಂಚುತ್ತಿದ್ದಳು. ನೀಲಣ್ಣ ಏನು, ಎಂಥವನು ಅಂತ ಅವನ ಬಟ್ಟೆ ಹೊಲಿದವಳಿಗೆ ಗೊತ್ತಿಲ್ಲವಾ?

ಮೊದಲನೆಯದರಲ್ಲಿ ಹುಡುಗು ಬುದ್ಧಿ. ಮೈಗಂಟಿದ ಸೂಟು, ಹಿಂದೆ ಹಾರಾಡುವ ಕೇಪ್. ಕೇಪೇ ಹದಿನೆಂಟು ಹೊಲಿದೆ. ಒಂದು ಬೆಕ್ಕನ್ನು ಉಳಿಸಲು ಹೋಗಿ ಮೂರು ಕಟ್ಟಡ, ಒಂದು ಸೇತುವೆ ಬೀಳಿಸಿದ. ಜನ ಶಿಳ್ಳೆ ಹೊಡೆದರು. ನಾನೂ ಹೊಡೆದೆ, ಬೆಕ್ಕು ಉಳಿಯಿತಲ್ಲ. ಎರಡನೆಯದರಲ್ಲಿ ತಲೆ ತಿರುಗಿತು. "ನಾನಿಲ್ಲದಿದ್ದರೆ ಈ ಊರಿಗೆ ಯಾರು ಗತಿ?" ಅನ್ನುವ ಡೈಲಾಗು ನಾಲ್ಕು ಸಲ ಬರುತ್ತೆ. ಅಹಂಕಾರ ಕಾಣಬೇಕು ಅಂದರು, ಎರಡಿಂಚು ಫೋಮ್ ಇಟ್ಟೆ. ಪುಣ್ಯಾತ್ಮ ಬಾಗಿಲಲ್ಲಿ ಅಡ್ಡಡ್ಡ ತೂರಿಕೊಂಡು ಬರಬೇಕಾಗಿತ್ತು.

ಮೂರನೆಯದು ನನಗೆ ಸಂಕಟ. ಬೆಂಕಿ ಬಿದ್ದ ಕಟ್ಟಡದಿಂದ ಅವನ ಸ್ವಂತ ಅಕ್ಕ "ನೀನು ಬರಬೇಡ, ಮೆಟ್ಟಿಲು ಗಟ್ಟಿಯಿದೆ, ನಾನೇ ಇಳಿದು ಬರ್ತೀನಿ" ಅಂತ ಕೂಗಿ ಹೇಳುತ್ತಾಳೆ. ಇವನು ಕೇಳಬೇಕಲ್ಲ! ಹಾರಿ ಹೋಗಿ ಗೋಡೆ ಒಡೆದು ನುಗ್ಗಿದ, ಇಡೀ ಮಹಡಿ ಕುಸಿಯಿತು, ಅಕ್ಕ ಉಳಿಯಲಿಲ್ಲ. ನಾಲ್ಕನೆಯದರಲ್ಲಿ ಪಶ್ಚಾತ್ತಾಪ. ಗಡ್ಡ ಬಿಟ್ಟು ಗುಡ್ಡದ ಮೇಲೆ ಒಬ್ಬನೇ ಕೂತ. ಸೂಪರ್‌ಹೀರೋ ಸಿನಿಮಾದಲ್ಲಿ ಎರಡು ಗಂಟೆ ಸ್ವೆಟರ್! ನನ್ನ ಕರ್ಮ, ಅದನ್ನೂ ನಾನೇ ಹೆಣೆದೆ.

ಈಗ ಐದನೆಯದು. ಊರಿಗೆ ವಾಪಸು ಬರುತ್ತಾನೆ. ಮೊದಲ ಸಿನಿಮಾದಲ್ಲಿ ಇವನೇ ಬೀಳಿಸಿದ ಸೇತುವೆಯನ್ನು ಜನ ಕೈಯಾರೆ ಮತ್ತೆ ಕಟ್ಟುತ್ತಿದ್ದಾರೆ. ಕೊನೆಯ ಕಂಬವನ್ನು ಹಗ್ಗ ಹಾಕಿ ಎಳೆದು ನಿಲ್ಲಿಸಬೇಕು. ಅದೇ ಕೊನೆಯ ದೃಶ್ಯ.

"ಆಗ ನೀಲಣ್ಣ ಬಂದು ಒಂದೇ ಕೈಯಲ್ಲಿ ಎತ್ತುತ್ತಾನೆ" ಅಂದೆ.

"ಇಲ್ಲ ಅಕ್ಕ. ಜನ ಅವನಿಗೆ ಬೇಡ ಅಂತಾರೆ. ಅವನು ದಡದಲ್ಲಿ ನಿಂತು ನೋಡ್ತಾನೆ."

"ಕೈಗೇನಾಗಿದೆ ಅವನಿಗೆ?"

"ಏನೂ ಆಗಿಲ್ಲ. ಅದೇ ಕಷ್ಟ."

ಸುಮ್ಮನೆ ನಿಂತು ನೋಡುವವನಿಗೆ ಸೂಟು ಯಾಕೆ? ಒಂದು ಲುಂಗಿ ಸಾಕು.

ಮಾರ್ಚ್ ೧೧, ಮಂಗಳವಾರ

ಬೆಳಿಗ್ಗೆ ಇವರು ಶರ್ಟು ತಾವೇ ಹಾಕಿಕೊಳ್ಳುತ್ತೇನೆ ಅಂತ ಹಟ ಹಿಡಿದರು. ಹಿಡಿಯಲಿ ಅಂತ ಬಿಟ್ಟೆ. ಮೊದಲ ಗುಂಡಿಗೇ ಹದಿನಾಲ್ಕು ನಿಮಿಷ. ಹೆಬ್ಬೆರಳು ಗುಂಡಿ ಹಿಡಿದರೆ ತೋರುಬೆರಳು ಬರುವುದಿಲ್ಲ, ತೋರುಬೆರಳು ಬಂದರೆ ಗುಂಡಿ ಜಾರುತ್ತೆ. ಹಣೆಯಲ್ಲಿ ಬೆವರು. ಎರಡನೆಯದಕ್ಕೆ ಕೈ ಹಾಕುವಷ್ಟರಲ್ಲಿ ನನ್ನ ಜೀವ ಹಿಡಿಯಷ್ಟಾಯಿತು. ಹೋಗಿ ಟಕಟಕ ಅಂತ ಉಳಿದ ಐದೂ ಹಾಕಿಬಿಟ್ಟೆ. ಹತ್ತು ಸೆಕೆಂಡಿನ ಕೆಲಸ.

"ಆಯ್ತಲ್ಲ, ಬನ್ನಿ ತಿಂಡಿಗೆ" ಅಂದೆ.

ಇವರು ತಾವು ಹಾಕಿದ್ದ ಆ ಮೊದಲ ಗುಂಡಿಯನ್ನು ಎಡಗೈಯಲ್ಲಿ ಬಿಚ್ಚಿ, ಹಾಗೇ ಕುತ್ತಿಗೆ ತೆರೆದುಕೊಂಡು ಬಂದು ಕೂತರು.

ಫಿಸಿಯೋ ಹುಡುಗಿಗೆ ಹೇಳಿದರೆ ಅವಳು ನನ್ನನ್ನೇ ಗದರಿದಳು. "ಅಮ್ಮ, ನೀವು ಮಾಡಿಕೊಟ್ಟ ಒಂದೊಂದು ಕೆಲಸವನ್ನೂ ಆ ಕೈ ಮರೆಯುತ್ತೆ." ಇಪ್ಪತ್ತೈದು ವರ್ಷದ ಹುಡುಗಿ. ಮದುವೆಯಾಗಿ ಮೂವತ್ತು ವರ್ಷ ಒಬ್ಬ ಗಂಡಸನ್ನು ಸಂಭಾಳಿಸಲಿ, ಆಮೇಲೆ ಬಂದು ಹೇಳಲಿ.

ಮಾರ್ಚ್ ೧೬, ಭಾನುವಾರ

ಹೊಳೆಯಿತು! ನನ್ನ ತಲೆಗೆ ನಾನೇ ಶಭಾಷ್ ಅನ್ನಬೇಕು.

ಮೊದಲ ಸಿನಿಮಾದಲ್ಲಿ ನೀಲಣ್ಣ ಆಫೀಸಿನ ಶರ್ಟನ್ನು ಒಂದೇ ಎಳೆತಕ್ಕೆ ಬಿಚ್ಚಿ ಸೂಟು ತೋರಿಸಬೇಕಿತ್ತು. ನಿಜವಾದ ಗುಂಡಿ ಇದ್ದರೆ ಬಟ್ಟೆ ಹರಿಯುತ್ತೆ. ಅದಕ್ಕೆ ನಾನು ಗುಂಡಿ ತೂರುವ ಕಾಜಾ ಅಗಲ ಮಾಡಿ, ಗುಂಡಿ ಒಂದು ಸೈಜು ಚಿಕ್ಕದು ಹಾಕಿ, ತಾನಾಗಿ ಕಳಚದಂತೆ ಒಳಗಡೆ ಸಣ್ಣ ಟಿಚ್ ಬಟನ್ ಕೂರಿಸಿದ್ದೆ. ಹೊರಗಿನಿಂದ ನೋಡಿದರೆ ಸಾಕ್ಷಾತ್ ಗುಮಾಸ್ತನ ಶರ್ಟು.

ಇವತ್ತು ಊಟ ಆದ ಮೇಲೆ ಇವರು ಮಲಗಿದರು. ಅಲಮಾರಿಯಿಂದ ಐದೂ ಶರ್ಟು ತೆಗೆದೆ. ಗುಂಡಿ ನೂಕಿದರೆ ಸಾಕು, ತೂತಿಗೆ ತಾನೇ ಬೀಳಬೇಕು. ಮೇಲೆ ಅಂಗೈ ಒತ್ತಿದರೆ ಒಳಗೆ ಟಿಚ್ ಕೂರಬೇಕು. ಮೂವತ್ತು ಗುಂಡಿ. ಇವರು ಏಳುವಷ್ಟರಲ್ಲಿ ಎಲ್ಲ ಮುಗಿಸಿ, ಇಸ್ತ್ರಿ ಮಾಡಿ, ಒಳಗಿಟ್ಟು, ಏನೂ ತಿಳಿಯದವಳ ಹಾಗೆ ಚಹಾ ಮಾಡಿದೆ.

ಮಾರ್ಚ್ ೧೭, ಸೋಮವಾರ

ಮೂರೇ ನಿಮಿಷ! ಆರು ಗುಂಡಿ, ಮೂರು ನಿಮಿಷ!

ನಾನು ಅಡುಗೆ ಮನೆಯಿಂದ ಓರೆಗಣ್ಣಲ್ಲಿ ನೋಡುತ್ತಾ ಇದ್ದೆ. ಮೊದಲನೆಯದು ಹಾಕಿ ಒಂದು ಕ್ಷಣ ನಿಂತರು. ತಲೆ ಓರೆ ಮಾಡಿ ಏನೋ ಯೋಚಿಸಿದರು. ಆಮೇಲೆ ಎರಡನೆಯದು, ಮೂರನೆಯದು.

"ಏನ್ರೀ ಇದು! ಇವತ್ತು ಕೈ ಹೀಗೆ ಓಡ್ತಾ ಇದೆ!" ಅಂತ ಕೂಗಿದೆ. ಕಣ್ಣಲ್ಲಿ ನೀರೇ ಬಂತು.

ಇವರು ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದರು. "ಹೌದು ಮಾರಾಯ್ತಿ, ನನಗೂ ಆಶ್ಚರ್ಯ" ಅಂದರು.

ಕೆಲಸದಿಂದ ಬರುವಾಗ ಬೇಕರಿಯಿಂದ ಕೇಕು ತಂದೆ. ನೋಟ್‌ಬುಕ್ಕಿನಲ್ಲಿ ದಪ್ಪಕ್ಷರದಲ್ಲಿ ಬರೆದೆ.

ಮಾರ್ಚ್ ೧೯, ಬುಧವಾರ

ಎರಡೂವರೆ ನಿಮಿಷ. ನಾನು ಹಾಡು ಗುನುಗುತ್ತಾ ಹೊಲಿಯುತ್ತಿದ್ದೇನೆ ಅಂತ ಬಣ್ಣದಕ್ಕ ಆಡಿಕೊಂಡಳು. ಹೊಸ ಬಟ್ಟೆಗೆ ಮಸಿ, ಮಣ್ಣು, ಬಣ್ಣ ಬಳಿದು ಹಳೆಯದು ಮಾಡುವುದು ಅವಳ ಕೆಲಸ. ಹೊಸದನ್ನು ಹಾಳು ಮಾಡಿ ಹೊಟ್ಟೆ ಹೊರೆಯುವವಳಿಗೆ ಹಾಡಿನ ಬೆಲೆ ಏನು ಗೊತ್ತು?

ಮಾರ್ಚ್ ೨೭, ಗುರುವಾರ

ಸಿನಿಮಾದವರಲ್ಲಿ ಎರಡು ಪಕ್ಷ ಆಗಿದೆ. ಹೀರೋ ಕೊನೆಯಲ್ಲಿ ಸುಮ್ಮನೆ ನಿಂತರೆ ಜನ ಟಿಕೆಟ್ ವಾಪಸು ಕೇಳುತ್ತಾರೆ ಅಂತ ನಿರ್ಮಾಪಕರ ಗಾಬರಿ. ಅವರದ್ದು ಒಂದು ಉಪಾಯ: ಜನ ಮೇಲಿಂದ ಹಗ್ಗ ಎಳೆಯಲಿ, ನೀಲಣ್ಣ ಯಾರಿಗೂ ಕಾಣದಂತೆ ಹೊಳೆಯೊಳಗೆ ಮುಳುಗಿ ಕಂಬವನ್ನು ಕೆಳಗಿನಿಂದ ನೂಕಲಿ. ಜನ ತಾವೇ ಎತ್ತಿದೆವು ಅಂದುಕೊಳ್ಳಲಿ. ನೋಡುವವರಿಗೆ ಮಾತ್ರ ಗೊತ್ತಿರಲಿ.

"ನಿಮಗೇನನ್ನಿಸುತ್ತೆ ಅಕ್ಕ?" ಅಂತ ಡೈರೆಕ್ಟರಮ್ಮ ಕೇಳಿದಳು. ಪಾಪ, ಸೋತ ಮುಖ.

"ನಿರ್ಮಾಪಕರು ಹೇಳಿದ್ದೇ ಸರಿ. ಕೆಲಸವೂ ಆಯ್ತು, ಜನರ ಮನಸ್ಸಿಗೂ ಖುಷಿ ಆಯ್ತು. ಯಾರಿಗೆ ನಷ್ಟ?"

"ಅವರಿಗೆ ಗೊತ್ತಾದರೆ?"

"ಹೇಗೆ ಗೊತ್ತಾಗುತ್ತೆ? ಮಾಡುವವನು ಕಸುಬು ಬಲ್ಲವನಾದರೆ ಗೊತ್ತಾಗಲ್ಲ."

ಅವಳು ನೀರಿನ ಸೂಟಿಗೆ ಬಟ್ಟೆ ನೋಡಿಡಿ ಅಂದಳು. ನನಗೆ ಒಳಗೊಳಗೇ ಹೆಮ್ಮೆ. ಇಡೀ ಸಿನಿಮಾದ ಗಂಟು ಬಿಡಿಸಿದ್ದು ಹೊಲಿಗೆ ಕೋಣೆ.

ಏಪ್ರಿಲ್ ೮, ಮಂಗಳವಾರ

ಹೇಗೆ ಬರೆಯಲಿ.

ಇವತ್ತು ಕೈ ಪರೀಕ್ಷೆ ಇತ್ತು. ಫಿಸಿಯೋ ಹುಡುಗಿ ನನ್ನ ನೋಟ್‌ಬುಕ್ ನೋಡಿ ಹಿರಿಹಿರಿ ಹಿಗ್ಗಿದಳು. "ಮೂರು ವಾರದಲ್ಲಿ ಇಷ್ಟು!" ಅಂತ ಇನ್ನೊಬ್ಬ ಡಾಕ್ಟರನ್ನೂ ಕರೆದಳು. ಆಮೇಲೆ ಒಂದು ಮರದ ಹಲಗೆ ತಂದು ಮುಂದಿಟ್ಟಳು. ಅದಕ್ಕೆ ದಪ್ಪ ಬಟ್ಟೆ, ಬಟ್ಟೆಗೆ ಗುಂಡಿ. ಮಾಮೂಲಿ ಗುಂಡಿ, ಮಾಮೂಲಿ ಕಾಜಾ. ಇದು ನನಗೆ ಯಾಕೆ ಹೊಳೆದಿರಲಿಲ್ಲ?

ಹತ್ತು ನಿಮಿಷ ಕಳೆದರೂ ಒಂದು ಗುಂಡಿ ಹೋಗಲಿಲ್ಲ. ಹುಡುಗಿ ನೋಟ್‌ಬುಕ್ ನೋಡಿದಳು, ಕೈ ನೋಡಿದಳು, ಮತ್ತೆ ನೋಟ್‌ಬುಕ್ ನೋಡಿದಳು. "ಮನೇಲಿ ಆಗ್ತಿತ್ತಲ್ವಾ?" ಅಂತ ಕೇಳಿದಳು. ಇವರು ತಲೆ ಎತ್ತದೆ "ಇವತ್ತು ಯಾಕೋ ಕೈ ಕೊಡ್ತು" ಅಂದರು. ಇಂಥ ಸಮಯದಲ್ಲಿ ಮೂರು ವಾರ ಅಂದರೆ ಬಹಳ ಅಂತ ಅವಳು ಡಾಕ್ಟರಿಗೆ ಮೆಲ್ಲಗೆ ಹೇಳಿದ್ದು ಕೇಳಿಸಿತು.

ಬಸ್ಸಿನಲ್ಲಿ ಇವರು ಕಿಟಕಿ ಕಡೆ ಕೂತರು. ಎರಡು ಸ್ಟಾಪು ದಾಟಿತು. ಆಮೇಲೆ, "ಈ ಶರ್ಟಿಗೆ ಎಷ್ಟು ಟಿಚ್ ಬಟನ್ ಹಾಕಿದ್ದೀಯೆ?"

ಭೂಮಿ ಬಾಯಿ ಬಿಡಬಾರದಾ ಅನ್ನಿಸಿತು. "ಆರು" ಅಂದೆ.

"ಇಪ್ಪತ್ತೆಂಟು ವರ್ಷ ಬೀಗದ ಹೊಟ್ಟೆಗೆ ಕಿವಿ ಕೊಟ್ಟು ಬದುಕಿದವನು ನಾನು. ನನ್ನ ಎದೆ ಮೇಲೇ ಟಿಚ್ ಅಂದದ್ದು ಕೇಳಲ್ವಾ? ತೂತು ಅಗಲ ಮಾಡಿಸ್ಕೊಂಡು ಹೋಗಿ ಕೀಲಿ ಸರಿಯಾಯ್ತು ಅನ್ನೋ ಗಿರಾಕಿಗಳನ್ನ ಎಷ್ಟು ನೋಡಿದ್ದೀನಿ."

"ಯಾವಾಗ ಗೊತ್ತಾಯ್ತು?"

"ಮೊದಲನೇ ದಿನ. ಮೊದಲನೇ ಗುಂಡಿ."

"ಮತ್ತೆ ಯಾಕ್ರೀ ಹೇಳ್ಲಿಲ್ಲ?"

"ಅಡುಗೆ ಮನೇಲಿ ನಿನ್ನ ಮುಖ ನೋಡಿದೆ. ಜನವರಿಯಿಂದ ಆ ಮುಖ ನೋಡಿರಲಿಲ್ಲ." ಆಮೇಲೆ ಕಿಟಕಿ ಕಡೆ ತಿರುಗಿ, "ಸುಳ್ಳು ಯಾಕೆ, ನನಗೂ ಹಾಯಾಗಿತ್ತು."

ಏಪ್ರಿಲ್ ೯, ಬುಧವಾರ

ಏನೂ ಇಲ್ಲ.

ಏಪ್ರಿಲ್ ೧೧, ಶುಕ್ರವಾರ

ಹಳೆಯ ಕೇಪುಗಳನ್ನು ನೇತುಹಾಕಿರುವ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಅತ್ತೆ. ಬಣ್ಣದಕ್ಕನಿಗೆ ಹೇಗೋ ಗೊತ್ತಾಗಿ ಬಂದಳು. ಎಲ್ಲ ಹೇಳಿದೆ. ಗಂಡನ ಕೈಯ ಮೂರು ವಾರ ನಾನೇ ನುಂಗಿ ಹಾಕಿದೆ ಅಂತ.

ಸಮಾಧಾನ ಮಾಡುತ್ತಾಳೆ ಅಂದುಕೊಂಡರೆ, "ನಿನ್ನ ಕೈ ಯಾವತ್ತೂ ಸುಮ್ಮನೆ ಇರಲ್ಲ ಕಣೇ. ನಾನು ಕಷ್ಟಪಟ್ಟು ಹರಿದಿಟ್ಟ ಬಟ್ಟೇನೂ ನೀನು ಒಂದ್ಸಲ ರಫೂ ಮಾಡಿಟ್ಟಿದ್ದೆ, ನೆನಪಿದೆಯಾ?" ಅಂದಳು. ನೆನಪಿದೆ. ಮೂರನೇ ಸಿನಿಮಾ. ಬೆಂಕಿಯಲ್ಲಿ ಹರಿದ ಸೂಟು, ಅರ್ಧ ದೃಶ್ಯ ತೆಗೆದು ಊಟಕ್ಕೆ ಬಿಟ್ಟಿದ್ದರು. ಊಟ ಮುಗಿಸಿ ಬಂದು ನೋಡಿದರೆ ಸೂಟು ಹೊಸದು. ಇಡೀ ದಿನದ ಕೆಲಸ ಹಾಳಾಯಿತು ಅಂತ ಬೈಸಿಕೊಂಡಿದ್ದೆ. ಹರಿದದ್ದು ಕಣ್ಣಿಗೆ ಬಿದ್ದರೆ ನಾನೇನು ಮಾಡಲಿ?

ಅಳುತ್ತಾ ಅಳುತ್ತಾ ಇಬ್ಬರೂ ನಕ್ಕೆವು. ಕಣ್ಣು ಒರೆಸಿಕೊಂಡದ್ದು ಎರಡನೇ ಸಿನಿಮಾದ ಕೇಪಿನಲ್ಲಿ.

ಏಪ್ರಿಲ್ ೧೩, ಭಾನುವಾರ

ಮೂವತ್ತು ಟಿಚ್ ಬಟನ್ ಬಿಚ್ಚಿದೆ. ಕಾಜಾ ಮತ್ತೆ ಬಿಗಿ ಮಾಡಿ, ಹಳೇ ಗುಂಡಿ ಹಾಕಿದೆ. ಈ ಸಲ ಕದ್ದುಮುಚ್ಚಿ ಅಲ್ಲ, ಇವರ ಎದುರೇ ಕೂತು. ಇವರು ಎಡಗೈಯಲ್ಲಿ ಸೂಜಿಡಬ್ಬಿ ಹಿಡಿದುಕೊಂಡು, "ಆ ಗುಂಡಿ ಸ್ವಲ್ಪ ಸೊಟ್ಟಗಿದೆ ನೋಡು" ಅಂತ ತಪ್ಪು ಹುಡುಕುತ್ತಿದ್ದರು. ನನಗೆ! ತಪ್ಪು!

ಫಿಸಿಯೋ ಹುಡುಗಿಗೆ ಫೋನ್ ಮಾಡಿ ನಿಜ ಹೇಳಿದೆ. ಅವಳು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಏಪ್ರಿಲ್ ೧೪, ಸೋಮವಾರ

"ನೀನು ಆಚೆ ಹೋಗು" ಅಂದರು ಇವರು ಬೆಳಿಗ್ಗೆ. "ನೀನಿದ್ರೆ ನಿನ್ನ ಉಸಿರಿನ ಸದ್ದಿಗೇ ಕೈ ನಡುಗುತ್ತೆ."

ಬಾಗಿಲಾಚೆ ಮೆಟ್ಟಿಲ ಹತ್ತಿರ ನಿಂತೆ. ಒಳಗಡೆ ಕುರ್ಚಿ ಸರಿದ ಸದ್ದು. ಏನೋ ಬಿತ್ತು. ನಾನು ಬಾಗಿಲ ಹಿಡಿಗೆ ಕೈ ಹಾಕಿದೆ, ತೆಗೆದೆ, ಮತ್ತೆ ಹಾಕಿದೆ. ಕೊನೆಗೆ ಎರಡೂ ಕೈ ಬೆನ್ನ ಹಿಂದೆ ಕಟ್ಟಿ, ಒಂದರಿಂದ ಇನ್ನೊಂದರ ಮಣಿಕಟ್ಟು ಗಟ್ಟಿಯಾಗಿ ಹಿಡಿದುಕೊಂಡೆ. ಮೇಲಿನ ಮನೆಯಾಕೆ ಇಳಿದು ಬಂದವಳು, "ಏನು, ಯಜಮಾನರು ಹೊರಗೆ ಹಾಕಿದ್ರಾ?" ಅಂತ ಕೇಳಿದಳು. "ಹೂಂ, ಶರ್ಟು ಹಾಕ್ಕೊಳ್ತಿದ್ದಾರೆ" ಅಂದೆ. ಆಕೆ ಏನು ತಿಳಿದುಕೊಂಡಳೋ, ನಗುತ್ತಾ ಹೋದಳು.

ಇಪ್ಪತ್ತಾರು ನಿಮಿಷ. ಎರಡು ಗುಂಡಿ. ಉಳಿದವನ್ನು ಹಾಗೇ ಬಿಟ್ಟು ಮೇಲೆ ಸ್ವೆಟರ್ ಹಾಕಿಕೊಂಡರು. ನನಗೆ ಬಸ್ಸು ತಪ್ಪಿತು.

ಏಪ್ರಿಲ್ ೧೬, ಬುಧವಾರ

ಡೈರೆಕ್ಟರಮ್ಮ ನೀರಿನ ಸೂಟು ಎಲ್ಲಿಗೆ ಬಂತು ಅಂತ ಕೇಳಿದಳು.

"ಹೊಲಿಯಲ್ಲ" ಅಂದೆ.

"ಯಾಕಕ್ಕ? ನೀವೇ ತಾನೆ ಅದು ಸರಿ ಅಂದಿದ್ದು?"

"ಬಟ್ಟೆ ಸಾಲದು."

ನನ್ನ ಹಿಂದಿನ ಶೆಲ್ಫಿನಲ್ಲಿ ಬಟ್ಟೆ ಥಾನುಗಟ್ಟಲೆ ಇತ್ತು. ಅವಳು ಅದನ್ನು ನೋಡಿದಳು, ನನ್ನನ್ನು ನೋಡಿದಳು. "ನಿರ್ಮಾಪಕರಿಗೆ ಹಾಗೇ ಹೇಳಲಾ? ಬಟ್ಟೆ ಸಾಲಲಿಲ್ಲ ಅಂತ?"

"ಹೇಳು. ಬೇಕಾದರೆ ಅವರೇ ಬಂದು ಹೊಲಿಯಲಿ."

ಅವಳು ನನ್ನ ಕೆನ್ನೆ ಹಿಂಡಿ ಹೋದಳು. ಈಗಿನವರಿಗೆ ದೊಡ್ಡವರು ಚಿಕ್ಕವರು ಅನ್ನುವುದೇ ಇಲ್ಲ. ಭುಜದ ಫೋಮನ್ನೂ ತೆಗೆದುಹಾಕಿದೆ. ಹೇಗೂ ಅಲ್ಲಿ ಕಂಕುಳ ಹತ್ತಿರ ಬಿಗಿಯುತ್ತಿತ್ತು, ಬೇರೆ ಏನಲ್ಲ.

ಏಪ್ರಿಲ್ ೨೮, ಸೋಮವಾರ

ಕೊನೆಯ ದೃಶ್ಯದ ಶೂಟಿಂಗ್. ಇನ್ನೂರು ಜನ ಹಗ್ಗ ಹಿಡಿದು ಎಳೆಯುತ್ತಾರೆ, ನೀಲಣ್ಣ ದಡದಲ್ಲಿ ನಿಲ್ಲಬೇಕು. ನಿಂತರೆ ತಾನೆ! ನಟನಿಗೆ ಕೈ ಎಲ್ಲಿಡಬೇಕು ಅಂತಲೇ ತಿಳಿಯುತ್ತಿಲ್ಲ. ಒಮ್ಮೆ ಸೊಂಟದ ಮೇಲೆ ಇಟ್ಟರೆ ಮೇಸ್ತ್ರಿ ಥರ ಕಾಣುತ್ತಾನೆ. ಎದೆಗೆ ಕಟ್ಟಿದರೆ ಜಂಬ. ಇಳಿಬಿಟ್ಟರೆ ಬಸ್ಸಿಗೆ ಕಾಯುವವನು. ಏಳು ಸಲ ತೆಗೆದರು. ಹಗ್ಗದವರ ಕೈಗೆ ಬೊಬ್ಬೆ ಬಂತು.

ನಾನು ಅವನ ಕಾಲರ್ ಸರಿಮಾಡಲು ಹೋದಾಗ ಪಾಪ ಸಣ್ಣ ಸ್ವರದಲ್ಲಿ ಕೇಳಿದ, "ಅಕ್ಕ, ಹದಿನಾಲ್ಕು ವರ್ಷ ಒಡೆದು, ಎತ್ತಿ, ಹಾರಿ ಅಭ್ಯಾಸ. ಏನೂ ಮಾಡದೆ ಹೇಗೆ ನಿಲ್ಲೋದು?"

"ಏನೂ ಮಾಡದೆ ಯಾರಪ್ಪಾ ನಿಲ್ಲು ಅಂದದ್ದು? ಅದರಷ್ಟು ದುಡಿಮೆ ಇನ್ನೊಂದಿಲ್ಲ. ಕೈ ಎರಡೂ ಹಿಂದೆ ತಗೋ. ಮಣಿಕಟ್ಟು ಹಿಡಿ. ಹಾಗಲ್ಲ, ಬಿಟ್ಟರೆ ಓಡಿಹೋಗುತ್ತೆ ಅನ್ನೋ ಹಾಗೆ ಹಿಡಿ. ಉಸಿರು ಸದ್ದು ಮಾಡಬಾರದು, ಅವರಿಗೆ ಕೇಳುತ್ತೆ. ಏನಾದರೂ ಬಿದ್ದ ಸದ್ದಾದರೆ ಅರ್ಧ ಹೆಜ್ಜೆ ಮುಂದೆ ಹೋಗು, ಆಮೇಲೆ ಹಿಂದೆ ಬಾ."

ಎಂಟನೇ ಸಲಕ್ಕೆ ಸರಿಯಾಯಿತು. ಕಂಬ ಎದ್ದು ನಿಂತಾಗ ನಿಜವಾಗಿಯೂ ಅವನ ಕೆನ್ನೆಯ ಮೇಲೆ ನೀರು. ಡೈರೆಕ್ಟರಮ್ಮ ಓಡಿಬಂದು, "ಇದನ್ನ ಎಲ್ಲಿಂದ ತಂದ್ರಿ ಅಕ್ಕ?" ಅಂದಳು.

"ಎಲ್ಲಿಂದ ಏನು? ಯಾರಾದರೂ ಹಾಗೇ ನಿಲ್ಲೋದು" ಅಂದೆ. ಹಿಂದಿನಿಂದ ಸೂಟು ಪೂರ್ತಿ ಸುಕ್ಕು. ಅದನ್ನು ಯಾರೂ ಕೇಳಲಿಲ್ಲ.

ಜೂನ್ ೧೪, ಶನಿವಾರ

ಹನ್ನೆರಡು ನಿಮಿಷ. ಆರೂ ಗುಂಡಿ.

ಜುಲೈ ೨೨, ಮಂಗಳವಾರ

ಆರು ತಿಂಗಳು ಮುಗಿಯಿತು. ಹೆಬ್ಬೆರಳು, ಪಕ್ಕದ ಎರಡು ಬೆರಳು ಬಂದಿವೆ, ಇನ್ನೂ ಚುರುಕಾಗುತ್ತವೆ. ಕೊನೆಯ ಎರಡು ಬೆರಳು ಹೀಗೇ ಮಡಚಿಕೊಂಡಿರುತ್ತವೆ ಅಂತ ಫಿಸಿಯೋ ಹುಡುಗಿ ಹೇಳಿದಳು.

ಇವರು ಹೊರಗೆ ಹೋದ ಮೇಲೆ ನಾನು ಕೇಳಿದೆ, "ಆ ಮೂರು ವಾರದಿಂದಾನಾ?"

"ಹೇಳಕ್ಕಾಗಲ್ಲ ಅಮ್ಮ. ಮೊದಲಿಂದಲೂ ಬರ್ತಿರಲಿಲ್ಲವೋ ಏನೋ."

ಹೌದು ಅಂದಿದ್ದರೂ, ಅಲ್ಲ ಅಂದಿದ್ದರೂ ಒಂದು ದಾರಿಯಾಗುತ್ತಿತ್ತು. ಮನೆಗೆ ಬಂದು ಇವರಿಗೂ ಹೇಳಿದೆ, ಹೀಗೆ ಕೇಳಿದೆ ಅಂತ. ಇನ್ನು ಇವರ ಹಿಂದೆ ಏನೂ ಇಟ್ಟುಕೊಳ್ಳುವುದು ಬೇಡ ಅನ್ನಿಸಿತು. ಇವರು ಮಡಚಿದ ಎರಡು ಬೆರಳು ನೋಡಿಕೊಂಡು, "ಇವು ಯಾವತ್ತೂ ಕೆಲಸ ಕದಿಯೋವೇ. ಈಗ ರಿಟೈರಾದವು" ಅಂದರು. ನನಗೆ ನಗು ಬರಲಿಲ್ಲ. ಇವರು ಎಡಗೈಯಿಂದ ನನ್ನ ತಲೆ ತಟ್ಟಿದರು, ನಾನು ಇವರ ಹೆಗಲ ಮೇಲೆ ಬಿದ್ದು ಅತ್ತೆ.

ಸೆಪ್ಟೆಂಬರ್ ೧, ಸೋಮವಾರ

ಅಂಗಡಿ ತೆರೆದರು. ದಿನಕ್ಕೆ ಎರಡು ಗಂಟೆ. ಶಟರ್ ಎತ್ತಲು ಪಕ್ಕದ ಚಪ್ಪಲಿ ಅಂಗಡಿಯವನನ್ನು ಕರೆದರಂತೆ, ಬಾಯಿಬಿಟ್ಟು. ಜನ್ಮದಲ್ಲಿ ಯಾರನ್ನೂ ಕರೆದವರಲ್ಲ. ಒಂದು ಪೆಟ್ಟಿಗೆಯ ಬೀಗ ತೆಗೆಯಲು ಇಡೀ ಎರಡು ಗಂಟೆ ಹಿಡಿಯಿತು. ಗಿರಾಕಿ ಗೊಣಗಿದರೆ, "ಬೀಗ ಒಳ್ಳೇದಿದೆ ಸ್ವಾಮಿ, ಅದಕ್ಕೇ ಹೊತ್ತು" ಅಂದರಂತೆ.

ನಾನು ಆ ಬೀದಿಗೇ ಹೋಗಲಿಲ್ಲ. ಹೋಗಿದ್ದೆ, ಮೂಲೆಯವರೆಗೆ ಮಾತ್ರ.

ನವೆಂಬರ್ ೧೪, ಶುಕ್ರವಾರ

ಐದನೇ ಸಿನಿಮಾ ತೋರಿಸಿದರು. ಕೆಲಸ ಮಾಡಿದವರಿಗೆ, ಅವರ ಮನೆಯವರಿಗೆ ಅಂತ ಮಧ್ಯಾಹ್ನದ ಆಟ. ಕಾರು ಕಳಿಸಿದ್ದರು. ಮೂರು ಗಂಟೆಗೆ ಸಿನಿಮಾ, ಎರಡೂಕಾಲಿಗೇ ಡ್ರೈವರ್ ಕೆಳಗಿನಿಂದ ಹಾರ್ನ್ ಹೊಡೆಯುತ್ತಿದ್ದ.

ಇವರು ಹೊಸ ಶರ್ಟು ತೆಗೆದರು. ಹೊಸ ಬಟ್ಟೆ, ಕಾಜಾ ಬಿಗಿ. ಈಗೀಗ ನಾನು ಒಳಗೇ ಕೂರಬಹುದು ಅಂತ ಅಪ್ಪಣೆಯಾಗಿದೆ. ಕುರ್ಚಿಯಲ್ಲಿ ಕೂತೆ. ಇವರು ಮೊದಲ ಗುಂಡಿಯನ್ನು ಎರಡನೇ ಕಾಜಾಕ್ಕೆ ಹಾಕಿದರು. ನಾನು ನೋಡಿದೆ. ಇವರು ನೋಡಲಿಲ್ಲ. ಎರಡನೆಯದು ಮೂರನೆಯದಕ್ಕೆ, ಮೂರನೆಯದು ನಾಲ್ಕಕ್ಕೆ. ಹೀಗೇ ಕೊನೆಯವರೆಗೂ. ಕೆಳಗೆ ಒಂದು ಗುಂಡಿ ಮಿಕ್ಕಿತು, ಕಾಜಾ ಇಲ್ಲ. ಅದನ್ನು ಪ್ಯಾಂಟಿನೊಳಗೆ ಸೇರಿಸಿಬಿಟ್ಟರು. ಕಾಲರು ಒಂದು ಕಡೆ ಕಿವಿಗೆ ತಾಗುತ್ತಿತ್ತು, ಇನ್ನೊಂದು ಕಡೆ ಎದೆಗೆ ಇಳಿದಿತ್ತು.

"ಹೇಗಿದ್ದೀನಿ?" ಅಂತ ಕೇಳಿದರು.

"ಮದುಮಗ" ಅಂದೆ.

ಥಿಯೇಟರ್ ತಲುಪುವಷ್ಟರಲ್ಲಿ ಇಪ್ಪತ್ತೈದು ನಿಮಿಷ ತಡ. ಮೊದಲ ಫೈಟು ತಪ್ಪಿಹೋಯಿತು. ಅದರ ಸೂಟಿಗೆ ನಾನು ಹನ್ನೊಂದು ದಿನ ಕೂತಿದ್ದೆ. ಇರಲಿ, ಟಿವಿಯಲ್ಲಿ ಬಂದಾಗ ನೋಡಿದರಾಯಿತು. ಕೊನೆಯಲ್ಲಿ ನೀಲಣ್ಣ ದಡದಲ್ಲಿ ನಿಂತಾಗ ಥಿಯೇಟರೇ ಗಪ್‌ಚುಪ್. ಯಾರೂ ಟಿಕೆಟ್ ವಾಪಸು ಕೇಳಲಿಲ್ಲ. ನನ್ನ ಪಕ್ಕದಲ್ಲಿ ಇವರು ಮೂಗು ಒರೆಸಿಕೊಂಡರು, ಬಲಗೈಯಲ್ಲೇ. ಡೈರೆಕ್ಟರಮ್ಮ ಹೇಳಿದ ಹಾಗೆ ಅವನು ಅಷ್ಟೇನೂ ಬೆಳೆದಿಲ್ಲ ಅಂತ ನನಗೆ ಈಗಲೂ ಅನ್ನಿಸುತ್ತೆ, ಇಷ್ಟು ಸಣ್ಣ ವಿಷಯ ಕಲಿಯಲು ಐದು ಸಿನಿಮಾ ಬೇಕಾಗಿತ್ತಾ?

ದೀಪ ಹತ್ತಿಕೊಂಡಿತು. ಎಲ್ಲರೂ ಎದ್ದು ಚಪ್ಪಾಳೆ ತಟ್ಟುತ್ತಿದ್ದರು. ಹಿಂದಿನ ಸಾಲಿನಿಂದ ಬಣ್ಣದಕ್ಕ ಮುಂದೆ ಬಗ್ಗಿದವಳು ಇವರ ಶರ್ಟು ನೋಡಿ ಬಾಯಿ ಮುಚ್ಚಿಕೊಂಡು ನಕ್ಕಳು. "ಏನೇ ಇದು? ಇಡೀ ಊರಿಗೆ ಹೊಲಿಯೋಳು ನೀನು, ಗಂಡನಿಗೆ ಹೀಗಾ ಗುಂಡಿ ಹಾಕೋದು?" ಅಂತ ಬಿಚ್ಚಿ ಸರಿಮಾಡಲು ಇವರ ಕಾಲರಿಗೆ ಕೈ ಚಾಚಿದಳು.

ನಾನು ಅವಳ ಕೈ ಹಿಡಿದುಕೊಂಡೆ. "ಮುಟ್ಟಬೇಡ. ಅವರೇ ಹಾಕ್ಕೊಂಡಿದ್ದು" ಅಂದೆ. ಸ್ವಲ್ಪ ಜೋರಾಗೇ ಅಂದೆ ಅನ್ನಿಸುತ್ತೆ, ನಾಲ್ಕು ಸಾಲು ಆಚೆಯವರೂ ತಿರುಗಿ ನೋಡಿದರು.